ಡುಮ್ಮನ ಹೊಟ್ಟೆಯಲ್ಲಿ ಮೂರು ಕಾಳು

ಮೊದಲ ಭೇಟಿಯಲ್ಲೇ ಅವನು ಅವಳ ಆನೆಯ ಹೊಟ್ಟೆ ಸೀಳಿದ.

ಅದೂ ಅವಳದೇ ಕಾರ್ಖಾನೆಯಲ್ಲಿ, ಅವಳದೇ ಹೊಲಿಗೆಯವರ ಎದುರಿಗೆ, ಅವಳನ್ನು ಒಂದು ಮಾತೂ ಕೇಳದೆ...

ವೇದವತಿ ಮಹಡಿಯ ಆಫೀಸಿನ ಗಾಜಿನಿಂದ ಇದನ್ನು ನೋಡಿದಳು. ಫೋನು ಕೆಳಗಿಟ್ಟು ಕಬ್ಬಿಣದ ಮೆಟ್ಟಿಲುಗಳನ್ನು ಎರಡೆರಡಾಗಿ ಇಳಿದಳು. ಮೂವತ್ತೆರಡು ವರ್ಷದ ಮ್ಯಾನೇಜಿಂಗ್ ಡೈರೆಕ್ಟರ್ ಹಾಗೆ ಇಳಿಯಬಾರದು ಎಂದು ಅವಳಿಗೆ ಗೊತ್ತಿತ್ತು. ಗೊತ್ತಿದ್ದೇ ಇಳಿದಳು.

1998ರ ಮಾರ್ಚ್ ತಿಂಗಳು. ಲಂಡನ್ನಿನ ಪಾರ್ಕ್ ರಾಯಲ್‌ನಲ್ಲಿ, ಒಂದು ಕಡೆ ಬ್ರೆಡ್ಡಿನ ಕಾರ್ಖಾನೆ, ಇನ್ನೊಂದು ಕಡೆ ಲಾರಿಗಳ ಡಿಪೋ, ನಡುವೆ ಕೆಂಪು ಇಟ್ಟಿಗೆಯ ಒಂದು ಕಟ್ಟಡ. ಅದೇ ಚಂದ್ರಾ ಟಾಯ್ಸ್. ಧಾರವಾಡದಿಂದ ಬಂದ ಮುರಿಗೆಪ್ಪ ತನ್ನ ತಾಯಿ ಚಂದ್ರವ್ವನ ಹೆಸರಿನಲ್ಲಿ ಕಟ್ಟಿದ ಕಂಪನಿ. ಮುರಿಗೆಪ್ಪ ತೀರಿಕೊಂಡು ಆರು ವರ್ಷವಾಗಿತ್ತು. ಅಂದಿನಿಂದ ಮಗಳು ವೇದವತಿಯೇ ಅಲ್ಲಿನ ಯಜಮಾನಿ.

ಅಲ್ಲಿ ಬಟ್ಟೆಯ ಗೊಂಬೆಗಳು ಹುಟ್ಟುತ್ತಿದ್ದವು. ಅವುಗಳಲ್ಲಿ ಎಲ್ಲರ ಮುದ್ದಿನದು ಡುಮ್ಮ ಎಂಬ ಬೂದು ಬಣ್ಣದ ಆನೆಮರಿ. ಈಗ ಮೇಜಿನ ಮೇಲೆ ಹತ್ತಿ ಹೊರಚೆಲ್ಲಿಕೊಂಡು ಬಿದ್ದಿರುವುದು ಪಾಪದ ಡುಮ್ಮನೇ.

ಯಾರು ನೀವು, ಯಾರನ್ನು ಕೇಳಿ ಒಳಗೆ ಬಂದಿರಿ ಎಂದು ವೇದವತಿ ಇಂಗ್ಲಿಷಿನಲ್ಲಿ ಜೋರು ಮಾಡಿದಳು. ಅವನು ಗಾಬರಿಯಾಗಲಿಲ್ಲ. ಜೇಬಿನಿಂದ ಕಾರ್ಡು ತೆಗೆದು ಕೊಟ್ಟ. ಫ್ಲೇವಿಯನ್ ಲೋಬೊ, ಆಟಿಕೆ ಪರೀಕ್ಷೆ ಮಾಡುವ ಲ್ಯಾಬಿನವನು. ಇಡೀ ದೇಶದಲ್ಲಿ ಮಳಿಗೆಗಳಿರುವ ಒಂದು ದೊಡ್ಡ ಅಂಗಡಿಯವರು ಬರುವ ಕ್ರಿಸ್‌ಮಸ್‌ಗೆ ಎಂಟು ಸಾವಿರ ಡುಮ್ಮಂದಿರನ್ನು ಕೇಳಿದ್ದರು. ಅವರೇ ಅವನನ್ನು ಕಳಿಸಿದ್ದು. ಮುಂಚೆ ತಿಳಿಸದೆ ಬಂದು ಪರೀಕ್ಷೆ ಮಾಡಬಹುದು ಎಂಬ ಕಾಗದಕ್ಕೆ ಸಹಿ ಹಾಕಿದವಳು ಸ್ವತಃ ವೇದವತಿ.

ಅವಳು ಕಾರ್ಡನ್ನು ಬೇಕಾದದ್ದಕ್ಕಿಂತ ಹೆಚ್ಚು ಹೊತ್ತು ಓದಿದಳು.

ಅಷ್ಟರಲ್ಲಿ ಮೂಲೆಯ ಮೇಜಿನಿಂದ ಚಂದ್ರವ್ವ ಮಾತಿಗೆ ಬಂದಳು. ವೇದವತಿಯ ಅಜ್ಜಿ, ಎಪ್ಪತ್ತೆಂಟು ವರ್ಷ. ಹತ್ತಿ ತುಂಬಿದ ಗೊಂಬೆಗಳ ಬೆನ್ನನ್ನು ಕೈಹೊಲಿಗೆಯಲ್ಲಿ ಮುಚ್ಚುವವರ ಸಾಲಿನಲ್ಲಿ ಮೊದಲ ಕುರ್ಚಿ ಅವಳದು. ಎಷ್ಟು ಹೇಳಿದರೂ ಮನೆಯಲ್ಲಿ ಕೂರುವವಳಲ್ಲ. ಪೋಸ್ಟ್‌ಮನ್ ಇರಲಿ, ಕೌನ್ಸಿಲ್ ಅಧಿಕಾರಿ ಇರಲಿ, ಅವಳು ಎಲ್ಲರೊಂದಿಗೂ ಮಾತಾಡುವುದು ಧಾರವಾಡದ ಕನ್ನಡದಲ್ಲಿ. ಅವರು ನಕ್ಕು ತಲೆಯಾಡಿಸಿ ಹೋಗುತ್ತಿದ್ದರು.

"ಏ ತಮ್ಮಾ, ಅದು ನಿನಗೇನ ಮಾಡಿತ್ತಪಾ? ಹೊಟ್ಟಿ ಯಾಕ ಹರದಿ?"

ಅವನು ಕತ್ತರಿಯನ್ನು ಮೇಜಿನ ಮೇಲಿಟ್ಟ.

"ಒಳಗೆ ಎಂತ ತುಂಬಿಸಿದ್ದಾರೆ ನೋಡ್ಬೇಕಲ್ಲ ಅಜ್ಜಿ. ನನ್ನ ಕೆಲಸವೇ ಅದು."

ಇಡೀ ಸಾಲು ಒಂದು ಕ್ಷಣ ಸೂಜಿ ನಿಲ್ಲಿಸಿತು. ಚಂದ್ರವ್ವನಿಗೆ ಮೂವತ್ತು ವರ್ಷದಲ್ಲಿ ಮೊದಲ ಸಲ ಒಬ್ಬ ಅಧಿಕಾರಿ ಉತ್ತರ ಕೊಟ್ಟಿದ್ದ! ಅವಳು ಕೂಡಲೇ ಅವನ ಊರು, ಮನೆ, ಅಪ್ಪ, ಅಮ್ಮ ಎಲ್ಲ ವಿಚಾರಿಸಿಕೊಂಡಳು. ಉಡುಪಿ ಕಡೆಯ ಶಿರ್ವ ಅವನ ಊರು. ಈಗ ಹೌನ್ಸ್ಲೋದಲ್ಲಿ ತಾಯಿಯ ಜೊತೆ ಇದ್ದಾನೆ. ಮದುವೆ ಆಗಿಲ್ಲ. ಈ ಕೊನೆಯ ಸಂಗತಿಯನ್ನು ಚಂದ್ರವ್ವ ಎರಡು ಸಲ ಕೇಳಿ ಖಾತ್ರಿ ಮಾಡಿಕೊಂಡಳು.

ವೇದವತಿ ಮಾತ್ರ ಬಿಗಿಯಾಗಿಯೇ ನಿಂತಿದ್ದಳು. ಅವನು ಡುಮ್ಮನ ಕಣ್ಣಿಗೆ ಕ್ಲಿಪ್ಪು ಹಾಕಿ ಎಳೆದು ಹತ್ತು ಎಣಿಸಿದ. ಕಣ್ಣು ಅಲುಗಲಿಲ್ಲ. ಕಿವಿ ಸರಿ, ಸೊಂಡಿಲು ಸರಿ. ಬಾಲಕ್ಕೆ ಬಂದಾಗ ತಲೆಯಾಡಿಸಿ, ಇದು ನಿಲ್ಲುವುದಿಲ್ಲ ಎಂದ.

"ನಿಲ್ಲೂದಿಲ್ಲ? ನಮ್ಮಪ್ಪನ ಕಾಲದಿಂದ ನಿಂತೈತಿ ಅದು," ಎಂದು ವೇದವತಿ ಡುಮ್ಮನನ್ನು ಕಸಿದುಕೊಂಡು ಬಾಲ ಹಿಡಿದು ಜಗ್ಗಿದಳು.

ಬಾಲ ಕಿತ್ತು ಕೈಗೆ ಬಂತು.

ಯಾರೂ ನಗಲಿಲ್ಲ. ನಗುವ ಧೈರ್ಯ ಯಾರಿಗೂ ಇರಲಿಲ್ಲ. ಅವನು ಕೂಡ ತುಟಿ ಬಿಗಿಹಿಡಿದು ಕಾಗದದ ಕಡೆ ನೋಡುತ್ತಿದ್ದ. ಕಣ್ಣು ಮಾತ್ರ ನಗುತ್ತಿತ್ತು... ಅದನ್ನು ಅವಳು ಕಂಡಳು.

ಕಂಡು ಅವಳಿಗೂ ನಗು ಬಂತು. "ಒಂದ್ ವಾರ ಕೊಡ್ರಿ," ಎಂದಳು.

ಮೂರೇ ದಿನದಲ್ಲಿ ಹೊಸ ಬಾಲದ ಡುಮ್ಮ ಲ್ಯಾಬಿಗೆ ಹೋಯಿತು. ಆ ಬಾಲ ಹಿಡಿದು ಒಂದು ಮಗುವನ್ನೇ ಎತ್ತಬಹುದಿತ್ತು.

* * *

ಆ ಆರ್ಡರ್ ವೇದವತಿಗೆ ಏಕೆ ಅಷ್ಟು ಮುಖ್ಯ ಎಂದರೆ, ಆ ಜನವರಿಯಲ್ಲಿ ಮನೆಯವರೆಲ್ಲ ಕೂತು ಒಂದು ತೀರ್ಮಾನ ಮಾಡಿದ್ದರು. ಅವಳ ಚಿಕ್ಕಪ್ಪನ ಮಗ ಶಂಕರ ಕಂಪನಿಯ ಮಾರಾಟ ನೋಡಿಕೊಳ್ಳುತ್ತಿದ್ದ. ಅವನ ವಾದ ಸರಳ. ಎಲ್ಲರೂ ಚೀನಾದಿಂದ ಗೊಂಬೆ ತರಿಸುವಾಗ ನಾವು ಮಾತ್ರ ಲಂಡನ್ನಿನಲ್ಲಿ ಕೂತು ಹೊಲಿಯುವುದು ಹುಚ್ಚುತನ. ಹೊಲಿಗೆ ಹಾಲ್ ಮುಚ್ಚೋಣ, ಗೋದಾಮು ಇಟ್ಟುಕೊಳ್ಳೋಣ.

ಅವನು ಕೆಟ್ಟವನಲ್ಲ, ಲೆಕ್ಕದ ಮನುಷ್ಯ. ಹಿರಿಯರೆಲ್ಲ ತಲೆದೂಗಿದ್ದರು.

ವೇದವತಿ ಎದ್ದು ನಿಂತು ಒಂದು ಕ್ರಿಸ್‌ಮಸ್ ಕೇಳಿದ್ದಳು. ಒಂದೇ ಒಂದು. ಅಷ್ಟರಲ್ಲಿ ಒಂದು ದೊಡ್ಡ ಅಂಗಡಿಯ ಕಪಾಟಿನಲ್ಲಿ ಡುಮ್ಮ ಕೂರದಿದ್ದರೆ ನಾನೇ ಹಾಲ್‌ನ ಕೀಲಿ ಶಂಕರನ ಕೈಗೆ ಕೊಡುತ್ತೇನೆ ಎಂದಿದ್ದಳು. ಆ ಮಾತು ಹೇಳುವಾಗ ಅವಳ ದನಿ ಒಂದಿಷ್ಟೂ ನಡುಗಿರಲಿಲ್ಲ. ಒಳಗೆ ಏನಾಗಿತ್ತು ಎಂಬುದು ಅವಳ ಆಫೀಸಿನ ಕಪಾಟಿನಲ್ಲಿ ಕೂತ ಹಳೆಯ ಡುಮ್ಮನಿಗೆ ಮಾತ್ರ ಗೊತ್ತು.

ಅದು ಅವಳ ಬಾಲ್ಯದ ಆನೆ. ಅಜ್ಜಿಯೇ ಮುಚ್ಚಿದ್ದು. ಯೋಚನೆ ಹೆಚ್ಚಾದಾಗ ಅದನ್ನು ತೊಡೆಯ ಮೇಲೆ ಇಟ್ಟುಕೊಂಡು ಹೊಟ್ಟೆಯನ್ನು ಹೆಬ್ಬೆರಳಿನಿಂದ ಒತ್ತುತ್ತ ಕೂರುವುದು ಅವಳ ಅಭ್ಯಾಸ. ಒಂದು ಕಡೆ ಏನೋ ಸಣ್ಣಗೆ ಗಟ್ಟಿಯಾಗಿ ಸಿಗುತ್ತಿತ್ತು. ಚಿಕ್ಕವಳಿದ್ದಾಗ ಅದೇ ಡುಮ್ಮನ ಜೀವ ಎಂದುಕೊಂಡಿದ್ದಳು. ದೊಡ್ಡವಳಾದ ಮೇಲೆ ಏನೂ ಅಂದುಕೊಂಡಿರಲಿಲ್ಲ, ಒತ್ತುವುದನ್ನು ಮಾತ್ರ ಬಿಟ್ಟಿರಲಿಲ್ಲ.

ಬೇಸಿಗೆ ಪೂರ್ತಿ ಫ್ಲೇವಿಯನ್ ಬರುತ್ತಲೇ ಇದ್ದ. ಬಂದಾಗಲೆಲ್ಲ ಸಾಲಿನಿಂದ ತನಗೆ ಬೇಕಾದ ನಾಲ್ಕು ಆನೆ ಆರಿಸಿ, ಎಳೆದು, ಸೀಳಿ, ಬರೆದುಕೊಂಡು ಹೋಗುತ್ತಿದ್ದ. ಅವನ ಕೆಲಸದಲ್ಲಿ ಆತುರವೂ ಇರಲಿಲ್ಲ, ದರ್ಪವೂ ಇರಲಿಲ್ಲ. ಸೀಳಿದ ಆನೆಯನ್ನೂ ಎಸೆಯುತ್ತಿರಲಿಲ್ಲ, ಹತ್ತಿಯನ್ನು ಒಳಗೆ ತಳ್ಳಿ ನೆಟ್ಟಗೆ ಕೂರಿಸುತ್ತಿದ್ದ. ವೇದವತಿ ಮೊದಮೊದಲು ಇದನ್ನು ಮಹಡಿಯ ಗಾಜಿನಿಂದ ನೋಡುತ್ತಿದ್ದಳು. ಜೂನ್ ಹೊತ್ತಿಗೆ ಕೆಳಗೇ ನಿಂತು ನೋಡತೊಡಗಿದಳು. ಅವನು ಬರುವ ದಿನ ಯಾವುದೆಂದು ಮುಂಚೆ ತಿಳಿಯುವಂತಿರಲಿಲ್ಲವಲ್ಲ... ಆದ್ದರಿಂದ ಅವಳು ದಿನವೂ ಒಳ್ಳೆಯ ಸೀರೆ ಉಟ್ಟು ಬರಬೇಕಾಯಿತು.

ಒಂದೇ ತಕರಾರು. ಅವನು ಚಹಾ ಮುಟ್ಟುತ್ತಿರಲಿಲ್ಲ.

ಪರೀಕ್ಷೆಗೆ ಹೋದ ಕಾರ್ಖಾನೆಯವರ ಕೈಯಿಂದ ನೀರು ಕೂಡ ಕುಡಿಯಬಾರದು ಎಂಬುದು ಅವನು ತನಗೇ ಹಾಕಿಕೊಂಡ ಕಟ್ಟಳೆ. ಫ್ಲಾಸ್ಕು ಮನೆಯಿಂದ ತರುತ್ತಿದ್ದ. ಚಂದ್ರವ್ವ ಜೋಳದ ರೊಟ್ಟಿ, ಶೇಂಗಾ ಚಟ್ನಿ, ಬದನೆಕಾಯಿ ಎಣ್ಣೆಗಾಯಿ ಎಲ್ಲ ತಂದು ಎದುರಿಗಿಟ್ಟರೂ ಕೈಮುಗಿದು ಹಿಂದೆ ಸರಿಯುತ್ತಿದ್ದ.

ಆಗಸ್ಟ್‌ನಲ್ಲಿ ಗನ್ನರ್ಸ್‌ಬರಿ ಪಾರ್ಕಿನಲ್ಲಿ ಕನ್ನಡದವರ ಪಿಕ್‌ನಿಕ್ ಆಯಿತು. ಅವನೂ ಬಂದಿದ್ದ. ಮೈಸೂರಿನವರ ಪುಳಿಯೋಗರೆ ತಿಂದ, ಬೆಂಗಳೂರಿನವರ ಕೋಸಂಬರಿ ತಿಂದ, ಚಂದ್ರವ್ವನ ರೊಟ್ಟಿ ಮಾತ್ರ ಮುಟ್ಟಲಿಲ್ಲ. ಮುದುಕಿ ಅವನಿಗೆ ಬೆನ್ನು ತಿರುಗಿಸಿ ಕೂತಳು. ಜಾತಿ ಯಾವುದಾದರೂ ನಡೀತದ, ಊಟ ಬಿಡಾಂವ ಇರಬಾರದು ಎಂದು ಪಕ್ಕದವರಿಗೆ ಕೇಳಿಸುವಂತೆ ಗೊಣಗಿದಳು.

ಅವನ ಕಿವಿ ಕೆಂಪಾಯಿತು. ವೇದವತಿ ಅವನನ್ನು ಕೆರೆಯ ಕಡೆ ಕರೆದುಕೊಂಡು ಹೋದಳು.

ಇಬ್ಬರೂ ಮರದ ಕೆಳಗೆ ಬಾತುಕೋಳಿಗಳನ್ನು ನೋಡುತ್ತ ನಿಂತರು. ಅವನೇ ಮಾತು ತೆಗೆದ.

"ಮುಂದಿನ ತಿಂಗಳು ಕಡೇ ತಪಾಸಣೆ. ಅದೊಂದು ಮುಗೀಲಿ. ಆಮೇಲೆ ನಿಮಗೊಂದು ಮಾತು ಹೇಳ್ಲಿಕ್ಕುಂಟು."

"ಈಗ ಹೇಳಿದ್ರ ಏನಾಕ್ಕೈತಿ?"

"ಈಗ ಹೇಳಿದ್ರೆ ನಾನು ಬರೆಯುವ ವರದಿಗೆ ಬೆಲೆ ಇರುದಿಲ್ಲ."

ವೇದವತಿಗೆ ಆ ಮಾತು ಯಾವುದೆಂದು ಕೇಳದೆಯೇ ಗೊತ್ತಾಗಿತ್ತು. ಅಷ್ಟು ಗೊತ್ತಾಗದ ಹೆಣ್ಣು ಕಂಪನಿ ನಡೆಸುವುದುಂಟೇ? ಇನ್ನೊಂದೇ ತಿಂಗಳು... ಎಂಟು ಸಾವಿರ ಆನೆಗಳು ಹೊರಟು ಹೋಗಲಿ, ಆಮೇಲೆ ಇವನ ಸರದಿ ಎಂದುಕೊಂಡಳು. ಆ ದಿನ ಅವಳಿಗೆ ಸೋಲುವುದು ಎಂಬ ಸಂಗತಿಯೇ ಲೋಕದಲ್ಲಿ ಇದ್ದಂತೆ ಕಾಣಲಿಲ್ಲ.

* * *

ಸೆಪ್ಟೆಂಬರ್ ಇಪ್ಪತ್ತೆರಡು. ಎಂಟು ಸಾವಿರ ಡುಮ್ಮಂದಿರು ಪೆಟ್ಟಿಗೆಗಳಲ್ಲಿ ಸಿದ್ಧರಾಗಿದ್ದರು. ಫ್ಲೇವಿಯನ್ ಮನಸ್ಸಿಗೆ ಬಂದ ಪೆಟ್ಟಿಗೆಗಳನ್ನು ಒಡೆದು ಆನೆಗಳನ್ನು ಸಾಲಾಗಿ ಇಟ್ಟುಕೊಂಡ.

ಏಳನೆಯದನ್ನು ಸೀಳಿದಾಗ ಅವನ ಕೈ ನಿಂತಿತು.

ಹತ್ತಿಯ ನಡುವಿನಿಂದ ಬೆರಳ ತುದಿಯಲ್ಲಿ ಏನನ್ನೋ ತೆಗೆದ. ಮೂರು ಸಣ್ಣ ಬಿಳಿಯ ಕಾಳು. ಇನ್ನೂ ಹನ್ನೆರಡು ಆನೆ ತರಿಸಿ ಸೀಳಿದ. ಅವುಗಳಲ್ಲಿ ಒಂದರಲ್ಲಿ ಮತ್ತೆ ಮೂರು ಕಾಳು.

ಕಾಳುಗಳನ್ನು ಪ್ಲಾಸ್ಟಿಕ್ ಚೀಲಕ್ಕೆ ಹಾಕಿ, ಸೀಲು ಒತ್ತಿ, ಚೀಟಿಯಲ್ಲಿ ಬರೆದ. ಏನದು ಎಂದು ವೇದವತಿ ಮೂರು ಸಲ ಕೇಳಿದಳು. ಅಂಗಡಿಯವರಿಗೆ ತಿಳಿಸುವ ಮುಂಚೆ ನಿಮಗೆ ಹೇಳುವ ಹಾಗಿಲ್ಲ ಎಂದಷ್ಟೇ ಹೇಳಿ, ಎರಡು ಆನೆಗಳನ್ನೂ ಎತ್ತಿಕೊಂಡು, ಅವಳ ಮುಖ ನೋಡದೆ ಹೊರಟುಹೋದ.

ಮರುದಿನ ಬೆಳಿಗ್ಗೆ ಎರಡು ಫ್ಯಾಕ್ಸ್ ಬಂದವು.

ಒಂದು: ಮಕ್ಕಳ ಗೊಂಬೆಯೊಳಗೆ ಧಾನ್ಯ ಸಿಕ್ಕಿದೆ. ಹುಳ ಹಿಡಿಯುವ ಅಪಾಯವಿದೆ. ಮುಂದಿನ ತೀರ್ಮಾನದವರೆಗೆ ಎಂಟು ಸಾವಿರ ಆನೆಗಳೂ ತಡೆಹಿಡಿಯಲ್ಪಟ್ಟಿವೆ.

ಎರಡು: ಫ್ಲೇವಿಯನ್ ಲೋಬೊ ಅವರ ಸ್ವಂತ ಕೋರಿಕೆಯ ಮೇರೆಗೆ ಇನ್ನು ಮುಂದೆ ಈ ಕೆಲಸಕ್ಕೆ ಬೇರೆಯವರು ಬರುತ್ತಾರೆ.

ಎರಡನೆಯ ಹಾಳೆಯನ್ನು ಅವಳು ನಿಂತೇ ಓದಿದಳು. ಆಮೇಲೆ ಕೂತಳು.

'ಸ್ವಂತ ಕೋರಿಕೆ... ನನ್ನ ಮನಿಗೆ ಬೆಂಕಿ ಹಚ್ಚಿ, ಹಿಂದ ತಿರುಗಿ ನೋಡದ ಓಡಿ ಹೋದ್ನಲ್ಲ!'

ಫೋನು ಮಾಡಿದಳು. ಎತ್ತಿದವನು ಅವನೇ.

"ಓಡಿ ಹೋಗೂದಿತ್ತಂದ್ರ ಕೆರಿ ದಂಡಿ ಮ್ಯಾಲ ಆ ಮಾತು ಯಾಕ ಆಡಿದ್ರಿ?"

"ಈಗ ನಾನು ಎಂತ ಹೇಳಿದ್ರೂ ನಿಮಗೇ ತೊಂದರೆ, ವೇದವತಿ. ದಯವಿಟ್ಟು ಫೋನ್ ಇಡಿ."

"ಇಡ್ತೀನ್ರಿ. ಇನ್ನ ಎಂದೂ ಮಾಡೂದಿಲ್ಲ."

ಫೋನು ಇಟ್ಟಳು. ಅಳುವುದಕ್ಕೆ ಪುರುಸೊತ್ತಿರಲಿಲ್ಲ.

ಶಂಕರ ಆಗಲೇ ಒಂದು ಪತ್ರ ಬರೆದು ತಂದಿದ್ದ. ಮುಚ್ಚುವ ಸಾಲಿಗೆ ಜುಲೈಯಲ್ಲಿ ಸೇರಿದ ಹೌನ್ಸ್ಲೋದ ಪಂಜಾಬಿ ಹೆಂಗಸು ಮೇಜಿನ ಬಳಿಯೇ ಊಟ ಮಾಡುತ್ತಾಳಂತೆ. ಕಾಳು ಅವಳದೇ ಇರಬೇಕು. ಅವಳನ್ನು ತೆಗೆದುಹಾಕಿದ್ದೇವೆ ಎಂದು ಅಂಗಡಿಯವರಿಗೆ ಬರೆದರೆ ಆರ್ಡರ್ ಉಳಿದೀತು. ಉಳಿಯದಿದ್ದರೆ ಹಾಲ್‌ನ ಕೀಲಿ ಹೇಗೂ ಇದೆ.

"ಕಂಡಿಯೇನು ನೀ, ಆಕಿ ಹಾಕಿದ್ದು?" ಎಂದಳು ವೇದವತಿ.

ಅವಳು ಪತ್ರವನ್ನು ಎರಡು ತುಂಡು ಮಾಡಿ ಬುಟ್ಟಿಗೆ ಹಾಕಿದಳು. ಮುರಿಗೆಪ್ಪನ ಕಾಲದಿಂದಲೂ ಒಂದು ಪದ್ಧತಿ ಇತ್ತು. ಆನೆಯ ಬೆನ್ನು ಮುಚ್ಚಿದವರು ತಮ್ಮ ನಂಬರಿನ ಪುಟ್ಟ ಪಟ್ಟಿಯನ್ನು ಹೊಲಿಗೆಯೊಳಗೆ ಸೇರಿಸಬೇಕು. ಹನ್ನೆರಡು ಕುರ್ಚಿ, ಹನ್ನೆರಡು ನಂಬರು. ಆ ಎರಡು ಆನೆಗಳ ನಂಬರು ಅಂಗಡಿಯವರ ಫ್ಯಾಕ್ಸ್‌ನ ಕೊನೆಯಲ್ಲೇ ಇತ್ತು. ಸಿಟ್ಟಿನಲ್ಲಿ ಅವಳು ಅಷ್ಟು ಕೆಳಗೆ ಓದಿರಲಿಲ್ಲ.

ಎರಡರದೂ ಒಂದೇ ನಂಬರು. ಒಂದನೆಯ ಕುರ್ಚಿ.

ವೇದವತಿ ಕಪಾಟಿನಿಂದ ತನ್ನ ಹಳೆಯ ಡುಮ್ಮನನ್ನು ಮೆಲ್ಲಗೆ ತೆಗೆದುಕೊಂಡಳು. ಹೆಬ್ಬೆರಳು ತಾನಾಗಿಯೇ ಆ ಜಾಗಕ್ಕೆ ಹೋಯಿತು. ಅವಳು ಇಷ್ಟು ವರ್ಷ ಒತ್ತಿದ್ದಳೇ ಹೊರತು ಎಂದೂ ಎಣಿಸಿರಲಿಲ್ಲ. ಈಗ ಎಣಿಸಿದಳು.

ಮೂರು.

* * *

ಚಂದ್ರವ್ವ ಊಟದ ಡಬ್ಬಿ ಬಿಚ್ಚುತ್ತಿದ್ದಳು. ಮೊಮ್ಮಗಳು ಬಂದು ಪಕ್ಕದ ಸ್ಟೂಲಿನ ಮೇಲೆ ಕೂತು ಮೆಲ್ಲಗೆ ಕೇಳಿದಳು. ಮುದುಕಿ ಮುಚ್ಚಿಡಲೂ ಇಲ್ಲ, ಹೆದರಲೂ ಇಲ್ಲ. ಸೆರಗಿನ ಗಂಟು ಬಿಚ್ಚಿ ಹಿಡಿ ಬಿಳಿಜೋಳ ತೋರಿಸಿದಳು.

"ಹೌದ, ನಾನ ಹಾಕೀನಿ. ಮೊದಲಿಂದ ಹಾಕ್ತೀನಿ. ಹಳೀ ಸೀರಿ ಕೂಡಿಸಿ ಕೌದಿ ಹೊಲಿಯೂವಾಗ ಕಡೀ ಮೂಲಿ ಮುಚ್ಚೂಕಿಂತ ಮದಲ ಒಂದ್ ಚೂರು ರೊಟ್ಟಿ ಇಡೂದಿಲ್ಲೇನು? ಅದರ ಹೊಟ್ಟಿ ಖಾಲಿ ಇರಬಾರದು. ಖಾಲಿ ಹೊಟ್ಟಿದು ಹೊದ್ದವರನ್ನ ಹೆಂಗ ಬೆಚ್ಚಗ ಇಟ್ಟೀತು? ಇವು ಕೂಸುಗೋಳ ಮಗ್ಗಲದಾಗ ಮಲಗೂವು, ಯವ್ವಾ. ರೊಟ್ಟಿ ಇಟ್ರ ಬೂಷ್ಟ ಹಿಡೀತದ. ಅದಕ್ಕ ಮೂರ ಕಾಳು."

ಮೂವತ್ತು ವರ್ಷದಿಂದ! ಸಣ್ಣ ಅಂಗಡಿಗಳಿಗೆ ಹೋದ ಡುಮ್ಮಂದಿರ ಹೊಟ್ಟೆಯನ್ನು ಯಾರೂ ಸೀಳಿ ನೋಡಿರಲಿಲ್ಲ. ಈ ಬೇಸಿಗೆಯಲ್ಲಿ ಫ್ಲೇವಿಯನ್ ಆರಿಸಿದ ಆನೆಗಳು ಅದೃಷ್ಟಕ್ಕೆ ಬೇರೆ ಕುರ್ಚಿಗಳವು. ಎಷ್ಟೋ ಮಕ್ಕಳ ಹಾಸಿಗೆಯಲ್ಲಿ ಧಾರವಾಡದ ಜೋಳ ಮಲಗಿತ್ತು.

ವೇದವತಿ ಅಜ್ಜಿಯನ್ನು ಬೈಯಲಿಲ್ಲ. ಕಾಳಿನಿಂದ ಹುಳ ಆಗುತ್ತದೆ, ಅದರಿಂದಲೇ ಎಂಟು ಸಾವಿರ ಆನೆ ನಿಂತಿವೆ ಎಂದು ಇದ್ದದ್ದನ್ನು ಇದ್ದ ಹಾಗೆ ಹೇಳಿದಳು. ಚಂದ್ರವ್ವನ ಮುಖ ಆಗ ಮಾತ್ರ ಸಣ್ಣದಾಯಿತು. ಹಾಲ್ ಮುಚ್ಚಿದರೆ ಈ ಹೆಂಗಸರೆಲ್ಲ ಎಲ್ಲಿ ಹೋಗಬೇಕು ಎಂದು ಕೇಳಿದಳು. ಜೋಳವನ್ನು ಮತ್ತೆ ಸೆರಗಿಗೆ ಕಟ್ಟುವಾಗ ಅವಳ ಬೆರಳು ತಡವರಿಸಿದವು.

ಅದನ್ನು ನೋಡಿ ವೇದವತಿಯ ಮನಸ್ಸು ಗಟ್ಟಿಯಾಯಿತು.

"ನಾಳಿಗಿ ಚಲೋ ಸೀರಿ ಉಟ್ಕೊ, ಆಯಿ. ಅಂಗಡಿಯವರ ಆಫೀಸಿಗೆ ಹೋಗೂಣು."

ಶಂಕರ ತಲೆ ಮೇಲೆ ಕೈ ಹೊತ್ತುಕೊಂಡ. ತಪ್ಪು ನಮ್ಮ ಮನೆಯವರದೇ ಎಂದು ನಾವೇ ಹೋಗಿ ಹೇಳುವುದೇ ಎಂದ. ಬೇರೆಯವರದು ಎಂದು ಸುಳ್ಳು ಹೇಳಿ ಉಳಿಸಿಕೊಳ್ಳುವ ಹಾಲ್ ನನಗೆ ಬೇಡ ಎಂದ ವೇದವತಿ ಮರುದಿನ ಅಜ್ಜಿಯೊಂದಿಗೆ ಟ್ಯೂಬ್ ರೈಲು ಹತ್ತಿದಳು.

ಅಂಗಡಿಗೆ ಮಾಲು ಕೊಳ್ಳುವ ಬಯರ್ ಮೇಡಂ ಐವತ್ತು ದಾಟಿದ ಇಂಗ್ಲಿಷ್ ಹೆಂಗಸು, ನಗುವನ್ನು ಅಳೆದು ಖರ್ಚು ಮಾಡುವವಳು. ವೇದವತಿ ಅವಳ ಎದುರಿಗೆ ಕೂತು ಪೂರ್ತಿ ಕಥೆ ಹೇಳಿದಳು. ಕೌದಿ, ರೊಟ್ಟಿ, ಮೂರು ಕಾಳು, ಯಾವುದನ್ನೂ ಬಿಡಲಿಲ್ಲ. ನೆಪ ಹೇಳಲಿಲ್ಲ, ಬೇಡಿಕೊಳ್ಳಲೂ ಇಲ್ಲ. ಒಂದನೆಯ ನಂಬರಿನ ಆರುನೂರು ಚಿಲ್ಲರೆ ಆನೆಗಳನ್ನೂ ಬಿಚ್ಚಿ ಹೊಸ ಹತ್ತಿ ತುಂಬುತ್ತೇವೆ. ಉಳಿದ ಹನ್ನೊಂದು ಕುರ್ಚಿಗಳ ಆನೆಗಳಲ್ಲಿ ನಿಮ್ಮವರು ಬೇಕಾದಷ್ಟು ಸೀಳಿ ನೋಡಲಿ. ಹಾಲ್‌ನೊಳಗೆ ಇನ್ನು ಒಂದು ಕಾಳೂ ಬರುವುದಿಲ್ಲ. ಹತ್ತು ದಿನ ಸಾಕು.

ಮೇಡಂ ಚಂದ್ರವ್ವನ ಕಡೆ ತಿರುಗಿ, ಇನ್ನು ಮುಂದೆ ಏನು ಮಾಡುತ್ತೀರಿ ಎಂದು ಕೇಳಿದಳು. ವೇದವತಿ ಅದನ್ನು ಕನ್ನಡಕ್ಕೆ ತಂದಳು. ಮುದುಕಿ ಸ್ವಲ್ಪ ಯೋಚಿಸಿದಳು.

"ಹತ್ತೀನ ತುತ್ತು ಮಾಡಿ ಉಣಸ್ತೀನಿ. ಎಲ್ಲಾ ತುಂಬಿದ ಮ್ಯಾಲ ಕಡೀಕ ಒಂದ್ ತುತ್ತು. ಉಂಡದ್ದು ಉಂಡಂಗ ಆತು, ನಿಮ್ಮ ಕಾಯ್ದೆನೂ ಉಳೀತು."

ವೇದವತಿ ಇದನ್ನು ಇಂಗ್ಲಿಷಿಗೆ ತಂದಾಗ ಮೇಡಂ ಕನ್ನಡಕ ತೆಗೆದು ಒರೆಸಿಕೊಂಡಳು. ಹತ್ತು ದಿನ ಕೊಟ್ಟಳು. ಪ್ರತಿ ಡುಮ್ಮನ ಕೊರಳ ಚೀಟಿಯಲ್ಲಿ, ಇವನು ಮನೆಯಲ್ಲಿ ಊಟ ಮಾಡಿಯೇ ಹೊರಟಿದ್ದಾನೆ ಎಂದು ಅಚ್ಚು ಹಾಕಿಸಬಹುದೇ ಎಂದೂ ಕೇಳಿದಳು.

ಎದ್ದು ಹೊರಡುವಾಗ ಮೇಡಂ ಡ್ರಾಯರಿನಿಂದ ಲ್ಯಾಬಿನಿಂದ ಬಂದಿದ್ದ ಒಂದು ಹಾಳೆ ತೆಗೆದಳು. ಇಪ್ಪತ್ತು ವರ್ಷದಲ್ಲಿ ಇಂಥ ವರದಿ ಓದಿಲ್ಲ, ನಿಮಗೆ ತೋರಿಸುವಂತಿಲ್ಲ, ಆದರೆ ನಾನು ಜೋರಾಗಿ ಓದಿಕೊಂಡರೆ ಯಾರೂ ತಡೆಯುವುದಿಲ್ಲ ಎಂದು ಓದತೊಡಗಿದಳು.

ತಪ್ಪು ಒಂದೇ ಕುರ್ಚಿಯದು, ಕಾರ್ಖಾನೆಯದಲ್ಲ ಎಂದು ಅದರಲ್ಲಿತ್ತು. ಯಾರ ಕೈಯ ಕೆಲಸ ಎಂದು ಇಷ್ಟು ಚೊಕ್ಕವಾಗಿ ಗುರುತಿಟ್ಟ ಕಾರ್ಖಾನೆಯನ್ನು ನಾನು ಬೇರೆಲ್ಲೂ ಕಂಡಿಲ್ಲ, ಆದ್ದರಿಂದ ಆರ್ಡರ್ ರದ್ದು ಮಾಡಬಾರದು, ತಡೆಹಿಡಿದರೆ ಸಾಕು ಎಂದಿತ್ತು. ಆಮೇಲೆ ಕೊನೆಯ ಸಾಲು. ಈ ಕಂಪನಿಯ ಮ್ಯಾನೇಜಿಂಗ್ ಡೈರೆಕ್ಟರ್ ಮೇಲೆ ನನಗೆ ಪ್ರೀತಿ ಹುಟ್ಟಿದೆ. ಅವರಿಗೆ ಅದು ಗೊತ್ತಿಲ್ಲ. ನನ್ನ ಮಾತಿನಿಂದಾಗಿ ಅವರ ಕೆಲಸದ ಮೇಲೆ ಯಾರೂ ಅನುಮಾನ ಪಡಬಾರದು. ಆದ್ದರಿಂದ ನನ್ನನ್ನು ಈ ಕೆಲಸದಿಂದ ಬಿಡಿಸಿ.

ವೇದವತಿ ಬಾಗಿಲ ಹಿಡಿಕೆ ಹಿಡಿದೇ ನಿಂತಿದ್ದಳು.

'ಓಡಿ ಹೋಗಿರಲಿಲ್ಲ... ನನ್ನ ದಾರಿ ಬಿಟ್ಟು ನಿಂತಿದ್ದ.'

ಏನಂತ ಎಂದು ಚಂದ್ರವ್ವ ತೋಳು ಜಗ್ಗಿ ಕೇಳಿದಳು. ಏನಿಲ್ಲ ಎಂದಳು ಮೊಮ್ಮಗಳು. ಅವಳ ಕಣ್ಣು ತುಂಬಿ ಹರಿಯುತ್ತಿದ್ದುದರಿಂದ ಮುದುಕಿ ಅದನ್ನು ನಂಬಲಿಲ್ಲ.

* * *

ಬೇರೆ ಯಾರಾದರೂ ಆಗಿದ್ದರೆ ಅಲ್ಲಿಂದ ನೇರ ಅವನ ಬಾಗಿಲಿಗೆ ಓಡುತ್ತಿದ್ದರೇನೋ. ವೇದವತಿ ಓಡಲಿಲ್ಲ. ಅವನು ಏತಕ್ಕಾಗಿ ದೂರ ಸರಿದಿದ್ದನೋ ಆ ಕೆಲಸ ಮೊದಲು ಮುಗಿಯಬೇಕಿತ್ತು. ಹತ್ತು ದಿನ ಹಾಲ್‌ನಲ್ಲಿ ಸೂಜಿಗಳು ನಿಲ್ಲಲಿಲ್ಲ. ಶಂಕರ ಕೂಡ ಅಂಗಿಯ ತೋಳು ಮಡಚಿ ಆನೆಗಳ ಹೊಲಿಗೆ ಬಿಚ್ಚಲು ಕೂತ. ಹೌನ್ಸ್ಲೋದ ಪಂಜಾಬಿ ಹೆಂಗಸೇ ಅವನಿಗೆ ಬಿಚ್ಚುವುದನ್ನು ಕಲಿಸಿದಳು. ಹೊಸದಾಗಿ ಬಂದ ಲ್ಯಾಬಿನವನು ಇನ್ನೂರು ಆನೆ ಸೀಳಿದ. ಹತ್ತಿ ಬಿಟ್ಟು ಏನೂ ಸಿಗಲಿಲ್ಲ.

ಅಕ್ಟೋಬರ್ ಒಂಬತ್ತರ ಮಧ್ಯಾಹ್ನ ಲಾರಿ ಹೊರಟಿತು. ಶಂಕರ ಗೇಟು ಮುಚ್ಚಿ ಬಂದು, ಹಾಲ್‌ನ ಕೀಲಿ ನಿನ್ನ ಹತ್ತಿರವೇ ಇರಲಿ ಅಕ್ಕಾ ಎಂದ.

ಅವಳು ಕೋಟು ಹಾಕಿಕೊಂಡಳು. ಚಂದ್ರವ್ವ ಕೇಳದೆಯೇ ಒಂದು ಬುತ್ತಿಯ ಗಂಟು ಅವಳ ಕೈಗಿಟ್ಟಳು.

ಪಾರ್ಕ್ ರಾಯಲ್‌ನಿಂದ ಆಕ್ಟನ್ ಟೌನ್, ಅಲ್ಲಿ ಗಾಡಿ ಬದಲಿಸಿ ಹೌನ್ಸ್ಲೋ. ದಾರಿಯುದ್ದಕ್ಕೂ ಅವಳು ಏನು ಹೇಳಬೇಕೆಂದು ಹೊಂದಿಸಿಕೊಂಡಳು. ಬಾಗಿಲು ತೆರೆದವರು ಅವನ ತಾಯಿ ವ್ಯಾಲೆಂಟೀನಾ. ಹೊಂದಿಸಿಕೊಂಡದ್ದೆಲ್ಲ ಮರೆತುಹೋಯಿತು.

"ನೀವು ಆನೆಯವರಲ್ವಾ?" ಎಂದರು ಅವರು. "ಬನ್ನಿ, ಒಳಗೆ ಬನ್ನಿ. ಅವ ನಿನ್ನೆಯಿಂದ ಸೂಜಿ ಹಿಡ್ಕೊಂಡು ಕೂತಿದ್ದಾನೆ."

ಅವನು ಅಡುಗೆಮನೆಯ ಮೇಜಿನ ಹತ್ತಿರ ಇದ್ದ. ಎದುರಿಗೆ ಒಂದು ಡುಮ್ಮ. ಬೆನ್ನಿನ ಹೊಲಿಗೆ ಸೊಟ್ಟಂಪಟ್ಟ. ಚಂದ್ರವ್ವ ಕಂಡಿದ್ದರೆ ಅವನನ್ನು ಸಾಲಿನಿಂದ ಎಬ್ಬಿಸಿಬಿಡುತ್ತಿದ್ದಳು. ಅವಳನ್ನು ನೋಡಿ ಅವನು ಎದ್ದು ನಿಂತ, ಸೂಜಿ ಕೈಯಲ್ಲೇ ಇತ್ತು.

ಲಾರಿ ಹೋಯಿತು ಎಂದಳು ಅವಳು. ಗೊತ್ತಾಯಿತು ಎಂದ ಅವನು. ಕಡತ ಮುಚ್ಚಿದ ಮೇಲೆ ಪರೀಕ್ಷೆಯ ಗೊಂಬೆಗಳನ್ನು ಎಸೆಯುತ್ತಾರಂತೆ. ಇದನ್ನು ಅವನು ಕೇಳಿ ತಂದಿದ್ದ.

ವೇದವತಿ ಆನೆಯನ್ನು ಎತ್ತಿಕೊಂಡಳು. ಹೆಬ್ಬೆರಳು ಹೊಟ್ಟೆಯ ಮೇಲೆ ಹೋಯಿತು. ಅಲ್ಲಿ ಸಣ್ಣಗೆ, ಗಟ್ಟಿಯಾಗಿ...

"ಕಾಳು ಹೊಳ್ಳಿ ಹಾಕೀರಿ?" ಎಂದಳು. ದನಿ ಸಣ್ಣದಾಗಿತ್ತು.

"ಎರಡರಲ್ಲೂ ಮೂರೇ ಇತ್ತು. ತಪ್ಪಿ ಬಿದ್ದದ್ದಲ್ಲ, ಯಾರೋ ಎಣಿಸಿ ಇಟ್ಟದ್ದು. ಎಂತಕ್ಕೆ ಅಂತ ನನಗೆ ಗೊತ್ತಿಲ್ಲ. ಆದರೆ ಪ್ರೀತಿಯಿಂದ ಇಟ್ಟದ್ದು ಅಂತ ಗೊತ್ತಾಯ್ತು. ನಿಯಮ ಅಂತ ತೆಗ್ದೆ. ನಿಯಮ ಮುಗಿದ ಮೇಲೆ ಅದರದ್ದು ಅದಕ್ಕೆ ಕೊಟ್ಟೆ."

ಅವಳು ಕೌದಿಯ ಕಥೆ ಹೇಳಿದಳು. ಹೇಳುತ್ತ ಬುತ್ತಿಯ ಗಂಟು ಬಿಚ್ಚಿದಳು. ಜೋಳದ ರೊಟ್ಟಿ, ಶೇಂಗಾ ಚಟ್ನಿ, ಎಣ್ಣೆಗಾಯಿ. ಅವನು ಕೇಳುತ್ತ ಕೂತ. ಅವಳು ಒಂದು ರೊಟ್ಟಿ ಮುರಿದು ಮುಂದಿಟ್ಟಾಗ ಮೊದಲ ಸಲ ಹಿಂದೆ ಸರಿಯಲಿಲ್ಲ. ತುತ್ತು ಬಾಯಿಗಿಟ್ಟು ಕಣ್ಣು ಮುಚ್ಚಿದ. ಏಳು ತಿಂಗಳ ಹಸಿವು ಒಟ್ಟಿಗೆ ಬಂದವನ ಹಾಗೆ ತಿಂದ.

"ಕೆರಿ ದಂಡಿ ಮ್ಯಾಲ ಒಂದ್ ಮಾತು ಹೇಳೂದೈತಿ ಅಂದಿದ್ರಿ," ಎಂದಳು ಅವಳು.

"ಅದನ್ನು ವರದಿಯಲ್ಲೇ ಬರ್ದುಬಿಟ್ಟೆ."

"ಅದನ್ನ ಮಂದಿ ಬಾಯಿಲೆ ಕೇಳೀನಿ. ನಿಮ್ಮ ಬಾಯಿಲೆ ಕೇಳಬೇಕಂತ ಬಂದೀನಿ."

ಅವನು ಕೈ ಒರೆಸಿಕೊಂಡ.

"ನಿಮ್ಮ ಮೇಲೆ ನನಗೆ ಪ್ರೀತಿ ಉಂಟು, ವೇದಾ. ಆ ಬಾಲ ಕಿತ್ತು ನಿಮ್ಮ ಕೈಗೆ ಬಂತಲ್ಲ, ಅವತ್ತಿನಿಂದ ಉಂಟು. ನನ್ನನ್ನು ಮದುವೆ ಆಗ್ತೀರಾ? ಒಂದು ವಾರ ಬೇಕಾದ್ರೆ ತಗೊಳ್ಳಿ."

ಅವಳು ಡುಮ್ಮನ ಹೊಟ್ಟೆಯನ್ನು ಮೆಲ್ಲಗೆ ಒತ್ತಿದಳು. ಒಂದು, ಎರಡು, ಮೂರು. ಎಲ್ಲ ಇದ್ದಲ್ಲೇ ಇದ್ದವು.

"ವಾರ ಯಾಕ್ರಿ... ನಾ ಬುತ್ತಿ ಕಟ್ಕೊಂಡ ಬಂದೀನಿ," ಎಂದು ಅವಳು ಅವನ ತಟ್ಟೆಗೆ ಇನ್ನೊಂದು ರೊಟ್ಟಿ ಹಾಕಿದಳು.